ಹನ್ನೊಂದು ಮನವಿ, ನಾಲ್ಕು ವರ್ಷ, ಒಂದು ರಾಜೀನಾಮೆ

ರಾಜೀನಾಮೆಯ ತಕರಾರು ಹಿಡಿದು ಬರುವವರ ಕಡತದಲ್ಲಿ ನಾನು ಮೊದಲು ಹುಡುಕುವುದು ಅದು ಅಂಗೀಕಾರವಾದ ತಾರೀಖನ್ನು. ರಾಜೀನಾಮೆ ಪತ್ರವನ್ನು ಓದುವುದು ಆಮೇಲೆ. ನಿಗಮವೊಂದರ ಮಾಜಿ ನೌಕರರೊಬ್ಬರು ತಂದ ಕಡತದಲ್ಲಿ ಹನ್ನೊಂದು ಮನವಿಗಳಿದ್ದವು. ಪ್ರತಿಯೊಂದಕ್ಕೂ ಅಂಚೆ ರಸೀದಿ ಪಿನ್ ಮಾಡಿ ಜೋಡಿಸಿದ್ದರು. ಇಲಾಖಾ ವಿಚಾರಣೆಯ ಬೆದರಿಕೆಯೊಡ್ಡಿ ರಾಜೀನಾಮೆ ಬರೆಸಿಕೊಂಡರು ಎಂಬುದು ಅವರ ದೂರು. ಅಂಗೀಕಾರವಾಗಿ ನಾಲ್ಕು ವರ್ಷ ಕಳೆದಿತ್ತು.

ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ಸಲ್ಲಿಸುವ ರಿಟ್ ಅರ್ಜಿಗೆ ಇಷ್ಟೇ ದಿನ ಎಂಬ ಕಾಲಮಿತಿ ಇಲ್ಲವೆಂಬುದು ನಿಜ. ಆದರೆ ಅಂಥ ಪರಿಹಾರ ನ್ಯಾಯಾಲಯದ ವಿವೇಚನೆಗೆ ಬಿಟ್ಟದ್ದು. ಸಿವಿಲ್ ದಾವೆಗೆ ಕಾನೂನು ಗೊತ್ತುಪಡಿಸಿದ ಅವಧಿಯನ್ನೇ ವಿಳಂಬ ಅಳೆಯುವ ಮಾನದಂಡವಾಗಿ ಇಟ್ಟುಕೊಳ್ಳಬಹುದೆಂದು ಸುಪ್ರೀಂ ಕೋರ್ಟ್ 1964ರ ಭೈಲಾಲ್ ಭಾಯಿ ಪ್ರಕರಣದಲ್ಲೇ ಹೇಳಿದೆ. ರಾಜ್ಯ ಸರ್ಕಾರಿ ನೌಕರರಿಗಂತೂ ಈ ಸಡಿಲವೂ ಇಲ್ಲ. ಅವರು ಹೋಗಬೇಕಾದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 21ನೇ ಕಲಮು ಅಂತಿಮ ಆದೇಶದಿಂದ ಒಂದು ವರ್ಷ ಕೊಡುತ್ತದೆ, ಮೀರಿದರೆ ವಿಳಂಬ ಮನ್ನಾಕ್ಕೆ ಸಕಾರಣ ತೋರಿಸಬೇಕು.

ಹಾಗಾದರೆ ಆ ಹನ್ನೊಂದು ಮನವಿಗಳ ಗತಿಯೇನು? ಕಾನೂನು ಕಡ್ಡಾಯಗೊಳಿಸದ ಮನವಿಯನ್ನು ಎಷ್ಟು ಸಲ ಕೊಟ್ಟರೂ ಕಾಲ ನಿಲ್ಲುವುದಿಲ್ಲ. ‘ಮನವಿಯನ್ನು ಪರಿಗಣಿಸಿ’ ಎಂಬ ನ್ಯಾಯಾಲಯದ ನಿರ್ದೇಶನ ಸಿಕ್ಕಿ, ಅದರಂತೆ ಮನವಿ ತಿರಸ್ಕೃತವಾದರೂ ಹಳೆಯ ಹಕ್ಕಿಗೆ ಹೊಸ ಜೀವ ಬರುವುದಿಲ್ಲವೆಂದು 2008ರ ಸಿ. ಜೇಕಬ್ ತೀರ್ಪು ಸ್ಪಷ್ಟಪಡಿಸಿದೆ. (ಇಂಥ ನಿರ್ದೇಶನ ಕೈಗೆ ಬಂದ ಕೂಡಲೇ ಗೆದ್ದೆವೆಂದು ಸಿಹಿ ಹಂಚಿದವರನ್ನೂ ಕಂಡಿದ್ದೇನೆ.) ಒತ್ತಾಯದ ರಾಜೀನಾಮೆ ಮೂಲದಲ್ಲೇ ಅಸಿಂಧು, ಅದಕ್ಕೆ ಕಾಲಮಿತಿ ಎಲ್ಲಿಯದು ಎಂಬ ವಾದವೂ ಹೆಚ್ಚು ದೂರ ಸಾಗದು. ಸೇವೆಯಿಂದ ತೆಗೆದ ಆದೇಶ ಅಸಿಂಧುವೆನ್ನುವವರೂ ಹಾಗೆಂದು ಘೋಷಿಸಿಕೊಳ್ಳಲು ಅವಧಿಯೊಳಗೇ ನ್ಯಾಯಾಲಯಕ್ಕೆ ಬರಬೇಕೆಂದು 1991ರಲ್ಲಿ ಗುರುದೇವ್ ಸಿಂಗ್ ಪ್ರಕರಣದಲ್ಲಿ ತೀರ್ಮಾನವಾಗಿದೆ.

ನನ್ನ ಅನುಭವದಲ್ಲಿ ಇದಕ್ಕಿಂತ ದೊಡ್ಡ ಪೆಟ್ಟು ಬೇರೆ ಕಡೆಯಿಂದ ಬೀಳುತ್ತದೆ. ಬೇರೆ ಸೇವಾ ಪ್ರಕರಣಗಳಲ್ಲಿ ವಿಳಂಬ ಬಾಗಿಲಲ್ಲಿ ತಡೆಯುತ್ತದೆ, ಅಷ್ಟೆ. ರಾಜೀನಾಮೆಯ ಪ್ರಕರಣದಲ್ಲಿ ಅದು ಒಳಗೆ ಬಂದು ನಿಮ್ಮ ವಿರುದ್ಧ ಸಾಕ್ಷಿಯನ್ನೂ ನುಡಿಯುತ್ತದೆ. ಬಲವಂತದಿಂದ ಬರೆದುಕೊಟ್ಟವನು ಮಾರನೆಯ ದಿನವೇ ಪ್ರತಿಭಟಿಸುತ್ತಾನೆಂಬುದು ನ್ಯಾಯಾಧೀಶರ ಸಹಜ ನಿರೀಕ್ಷೆ. ಅದರ ಬದಲು ಆತ ಬಿಡುಗಡೆ ಪತ್ರ ಪಡೆದು, ಗ್ರಾಚ್ಯುಟಿ ಚೆಕ್ಕನ್ನು ಆಕ್ಷೇಪವಿಲ್ಲದೆ ನಗದೀಕರಿಸಿ, ಬಳಿಕ ತಿಂಗಳುಗಟ್ಟಲೆ ಸುಮ್ಮನಿದ್ದರೆ ಆ ಮೌನವೇ ಸಮ್ಮತಿಯೆನಿಸಿಕೊಳ್ಳುತ್ತದೆ. ಹೀಗಾಗಿ ಕೊನೆಯ ಎರಡು ವರ್ಷಗಳ ವಿವರಣೆಗಿಂತ ಮೊದಲ ಎರಡು ತಿಂಗಳಲ್ಲಿ ನೀವೇನು ಮಾಡಿದಿರಿ ಎಂಬುದಕ್ಕೆ ತೂಕ ಹೆಚ್ಚು. ನಮ್ಮ ಕಕ್ಷಿದಾರರ ಮೊದಲ ಮನವಿಗೂ ಎರಡನೆಯದಕ್ಕೂ ನಡುವೆ ಹದಿನಾಲ್ಕು ತಿಂಗಳ ಅಂತರವಿತ್ತು. ಚೆಕ್ಕು ಜಮೆಯಾದದ್ದು ಆ ನಡುವೆ.

ನಿಯಮದಲ್ಲಿ ಬೇರೆ ಕಟ್ಟಳೆ ಇಲ್ಲದಿದ್ದರೆ, ಅಂಗೀಕಾರವಾಗುವ ಮುನ್ನ ರಾಜೀನಾಮೆಯನ್ನು ಹಿಂಪಡೆಯುವ ಹಕ್ಕು ನೌಕರನಿಗಿದೆ; 1968ರ ರಾಜ್‌ಕುಮಾರ್ ತೀರ್ಪಿನಿಂದ ಇದು ನೆಲೆನಿಂತ ತತ್ವ. ಅವರ ಆ ಮೊದಲ ಮನವಿ ನಿಜಕ್ಕೂ ಮನವಿಯಾಗಿರಲಿಲ್ಲ, ರಾಜೀನಾಮೆ ಹಿಂಪಡೆಯುವ ಪತ್ರವಾಗಿತ್ತು; ಅದು ಕಚೇರಿಗೆ ತಲುಪಿದ್ದು ಅಂಗೀಕಾರದ ಆದೇಶಕ್ಕಿಂತ ಮೂರು ದಿನ ಮೊದಲು. ಅವರು ಅದರ ಬೆಲೆ ತಿಳಿಯದೆ, ಎಲ್ಲಕ್ಕಿಂತ ಹಳೆಯದೆಂದು ಕಡತದ ತಳಕ್ಕೆ ಹಾಕಿದ್ದರು. ಅದನ್ನೇ ಮುಂದಿಟ್ಟು ಅರ್ಜಿ ಸಿದ್ಧಪಡಿಸಿದೆವು, ಆದರೆ ಒಂದನೆಯ ಪ್ಯಾರಾದಲ್ಲಿ ಅದನ್ನು ಬರೆಯಲಾಗಲಿಲ್ಲ. ಮೊದಲ ಆರು ಪುಟಗಳೂ ವಿಳಂಬದ ವಿವರಣೆಗೇ ಹೋದವು.