ಸಿಗರೇಟು ಕಚ್ಚಿಕೊಂಡ ಆ ಮನೆಯೊಡತಿ ಯಾರು?

ಪ್ರಶ್ನೆ: ‘ಕುಂಗ್ ಫು ಹಸಲ್’ ಚಿತ್ರದಲ್ಲಿ ವಠಾರದ ಗಯ್ಯಾಳಿ ಮನೆಯೊಡತಿಯಾಗಿ ನಟಿಸಿದವರು ಯಾರು? ಅವರಿಗೆ ನಿಜವಾಗಿಯೂ ಕುಂಗ್ ಫು ಬರುತ್ತದೆಯೇ, ಅಥವಾ ಎಲ್ಲವೂ ಕಂಪ್ಯೂಟರ್ ಕೈಚಳಕವೇ?

ಉತ್ತರ: ಅವರು ಯುವೆನ್ ಚಿಯು. ಚಿತ್ರದಲ್ಲಿ ಕಾಲುಗಳು ಚಕ್ರದಂತೆ ತಿರುಗುವ ಆ ಓಟ ಕಂಪ್ಯೂಟರಿನದೇ. ಆದರೆ ಅವರ ಮೈಯಲ್ಲಿರುವ ವಿದ್ಯೆ ಅಪ್ಪಟ.

1950ರಲ್ಲಿ ಹುಟ್ಟಿದ ಅವರು ಹಾಂಗ್‌ಕಾಂಗ್‌ನಲ್ಲಿ ಯು ಜಿಮ್ ಯುವೆನ್ ಎಂಬ ಗುರುವಿನ ಪೀಕಿಂಗ್ ಒಪೆರಾ (ಚೀನಾದ ಸಾಂಪ್ರದಾಯಿಕ ಸಂಗೀತ ನಾಟಕ) ಶಾಲೆಯಲ್ಲಿ ಬೆಳೆದವರು. ಹಾಡು, ಅಭಿನಯ, ಲಾಗ, ಕತ್ತಿವರಸೆ ಎಲ್ಲವನ್ನೂ ಅಲ್ಲಿ ಎಳವೆಯಿಂದಲೇ ಕಲಿಸುತ್ತಿದ್ದರು. ಶಿಸ್ತು ಬಹಳ ಕಠಿಣವಾಗಿತ್ತು. ತಪ್ಪಿದರೆ ಬೆತ್ತದ ಏಟು. ಸಾಹಸ ಚಿತ್ರಗಳ ತಾರೆಯರಾದ ಜಾಕಿ ಚಾನ್, ಸಾಮೊ ಹಂಗ್, ಯುವೆನ್ ಬಿಯಾವೊ ಇದೇ ಶಾಲೆಯವರು. ಗುರುವಿನ ಹೆಸರಿನ ಕೊನೆಯ ಭಾಗವಾದ ‘ಯುವೆನ್’ ಅನ್ನು ಶಿಷ್ಯರು ತಮ್ಮ ರಂಗನಾಮಕ್ಕೆ ಸೇರಿಸಿಕೊಳ್ಳುತ್ತಿದ್ದರು. ಹಾಗಾಗಿ ಇಷ್ಟೊಂದು ಯುವೆನ್‌ಗಳಿದ್ದರೂ ಅವರು ಒಡಹುಟ್ಟಿದವರಲ್ಲ.

ಎಪ್ಪತ್ತರ ದಶಕದಲ್ಲಿ ಅವರು ಸಾಹಸ ಕಲಾವಿದೆಯಾಗಿ ದುಡಿದರು. 1974ರ ಜೇಮ್ಸ್ ಬಾಂಡ್ ಚಿತ್ರ ‘ದಿ ಮ್ಯಾನ್ ವಿತ್ ದಿ ಗೋಲ್ಡನ್ ಗನ್’ನಲ್ಲಿ ಶಾಲಾ ಸಮವಸ್ತ್ರ ತೊಟ್ಟ ಇಬ್ಬರು ಹುಡುಗಿಯರು ಕರಾಟೆ ಪಟುಗಳ ದಂಡನ್ನೇ ಬಡಿದು ಕೆಡವುತ್ತಾರಲ್ಲ, ಅವರಲ್ಲಿ ಒಬ್ಬರು ಇವರು. ಮುಂದೆ ಮದುವೆ, ಮಕ್ಕಳು ಎಂದು ಚಿತ್ರರಂಗದಿಂದ ದೂರ ಸರಿದರು.

ಮರಳಿ ಬಂದದ್ದು ಅವರೇ ಎಣಿಸದ ರೀತಿಯಲ್ಲಿ. ‘ಕುಂಗ್ ಫು ಹಸಲ್’ನ ನಟನಾ ಪರೀಕ್ಷೆಗೆ ಹೊರಟಿದ್ದ ಗೆಳತಿಯೊಬ್ಬರಿಗೆ ಜೊತೆಯಾಗಿ ಹೋಗಿದ್ದರು. ಹಿಂದೆ ನಿಂತು, ಯಾರ ಗೊಡವೆಯೂ ಬೇಡವೆಂಬಂತೆ ಸಿಗರೇಟು ಸೇದುತ್ತಿದ್ದ ಅವರ ಭಂಗಿ ನಿರ್ದೇಶಕ ಸ್ಟೀಫನ್ ಚೌ ಅವರ ಕಣ್ಣಿಗೆ ಬಿತ್ತು. ಪಾತ್ರಕ್ಕಾಗಿ ತೂಕ ಹೆಚ್ಚಿಸಿಕೊಂಡರು. ತಲೆಗೆ ಕರ್ಲರ್, ಸಡಿಲ ರಾತ್ರಿ ಉಡುಪು, ಕಾಲಿಗೆ ಚಪ್ಪಲಿ, ತುಟಿಯಂಚಿನಲ್ಲಿ ಸಿಗರೇಟು: 2004ರಲ್ಲಿ ಈ ವೇಷದಲ್ಲಿ ಅವರು ತೆರೆಗೆ ಬಂದರು. ಮರುವರ್ಷ ತೈವಾನಿನ ಗೋಲ್ಡನ್ ಹಾರ್ಸ್ ಪ್ರಶಸ್ತಿ ಸಮಾರಂಭದಲ್ಲಿ ಅತ್ಯುತ್ತಮ ಪೋಷಕ ನಟಿ ಎನಿಸಿಕೊಂಡರು. ಆ ಬಳಿಕ ‘ಕುಂಗ್ ಫು ಮಹ್ಜಾಂಗ್’ ಸೇರಿದಂತೆ ಹಲವು ಹಾಸ್ಯಚಿತ್ರಗಳು ಅವರನ್ನು ಹುಡುಕಿಕೊಂಡು ಬಂದವು.

ಕಿರುಚಾಟವನ್ನೇ ಅವರ ನಟನೆಯೆಂದು ಕೊಂಡಾಡುವವರಿದ್ದಾರೆ. ನನಗಂತೂ ಅವರು ಸುಮ್ಮನಿರುವ ಗಳಿಗೆಗಳೇ ಹೆಚ್ಚು ಇಷ್ಟ. ಚಿತ್ರದ ಖಳರಾದ ಕೊಡಲಿ ಗ್ಯಾಂಗಿನ ನಾಯಕನನ್ನು ಕಾರಿನೊಳಗೆ ಬೆದರಿಸುವ ದೃಶ್ಯವನ್ನು ಇನ್ನೊಮ್ಮೆ ನೋಡಿ. ಮುಷ್ಟಿ ಬಿಗಿದು, ಹೆಬ್ಬೆರಳಿನಿಂದ ಮೂಗು ಸವರಿ, ಅವರು ಬ್ರೂಸ್ ಲೀ ಅವರ ವರಸೆಯನ್ನೇ ಕಣ್ಣಿಗೆ ಕಟ್ಟುತ್ತಾರೆ. ಹದ ಎಲ್ಲಿಯೂ ತಪ್ಪುವುದಿಲ್ಲ. ಚಿತ್ರದಲ್ಲಿ ಗಂಡನಾಗಿ ಜೊತೆಯಲ್ಲಿರುವವರು ಅದೇ ಶಾಲೆಯ ಯುವೆನ್ ವಾ. 1973ರ ‘ಎಂಟರ್ ದಿ ಡ್ರ್ಯಾಗನ್’ನಲ್ಲಿ ಬ್ರೂಸ್ ಲೀ ಅವರಿಗೆ ಡೂಪ್ ಆಗಿ ಲಾಗ ಹಾಕಿದವರು.