ಮೈದಾನ ಖಾಲಿ, ಲೆಕ್ಕದಲ್ಲಿ ಸಾವಿರಾರು ಜನ: ಸೋಲುವ ಬೇಸ್‌ಬಾಲ್ ಟೀಮಿನ ಗೇಟ್ ಲೆಕ್ಕ

ಓದುಗರ ಪ್ರಶ್ನೆ: ಅಮೆರಿಕದ ಬೇಸ್‌ಬಾಲ್ ಆಗಾಗ ನೋಡುತ್ತೇನೆ. ಕೆಲವು ಟೀಮುಗಳು "ರೀಬಿಲ್ಡಿಂಗ್", ಅಂದರೆ ಟೀಮನ್ನು ಹೊಸದಾಗಿ ಕಟ್ಟುತ್ತಿದ್ದೇವೆ, ಅಂತ ಹೇಳಿಕೊಂಡು ವರ್ಷಗಟ್ಟಲೆ ಸೋಲುತ್ತಲೇ ಇರುತ್ತವೆ. ಅವರ ಮ್ಯಾಚಿನಲ್ಲಿ ಸಾಲು ಸಾಲು ಕುರ್ಚಿ ಖಾಲಿ. ಆದರೂ ಕೊನೆಗೆ ಇಷ್ಟು ಸಾವಿರ ಪ್ರೇಕ್ಷಕರು ಅಂತ ಹಾಕುತ್ತಾರಲ್ಲ, ಅದು ಸುಳ್ಳು ಲೆಕ್ಕವಾ? ಮತ್ತೆ ಟೀಮು ಗೆಲ್ಲೋಕೆ ಶುರು ಮಾಡಿದ ತಕ್ಷಣ ಜನ ತಿರುಗಿ ಬರುತ್ತಾರಾ?

ಉತ್ತರ: ಸುಳ್ಳೇನಲ್ಲ. ಅವರು ಎಣಿಸುವುದು ಮಾರಾಟವಾದ ಟಿಕೆಟ್. ನೀವು ಟಿವಿಯಲ್ಲಿ ಎಣಿಸುತ್ತಿರುವುದು ತಲೆ. ಎರಡಕ್ಕೂ ತಾಳೆ ಆಗಲೇಬೇಕು ಅಂತ ಎಲ್ಲೂ ಇಲ್ಲ. ಅಲ್ಲಿನ ಟೀಮುಗಳು ಎರಡು ಲೀಗಿನಲ್ಲಿ ಹಂಚಿಕೊಂಡಿವೆ. 1992ರವರೆಗೆ ನ್ಯಾಷನಲ್ ಲೀಗಿನವರು ಗೇಟು ದಾಟಿ ಒಳಗೆ ಬಂದವರನ್ನು ಎಣಿಸುತ್ತಿದ್ದರು, ಅಮೆರಿಕನ್ ಲೀಗಿನವರು ಮಾರಿದ ಟಿಕೆಟ್ ಎಣಿಸುತ್ತಿದ್ದರು. 1993ರಿಂದ ಎರಡೂ ಕಡೆ ಟಿಕೆಟ್ ಲೆಕ್ಕವೇ. ಟಿಕೆಟ್ ಕೊಂಡವನು ಮನೆಯಲ್ಲಿ ಮಲಗಿದ್ದರೂ ಅವನು ಅವತ್ತಿನ ಪ್ರೇಕ್ಷಕನೇ.

ಗೆಲ್ಲುವ ಟೀಮಿನಲ್ಲಿ ಈ ವ್ಯತ್ಯಾಸ ಅಷ್ಟಾಗಿ ಕಣ್ಣಿಗೆ ಬೀಳುವುದಿಲ್ಲ. ಸೋಲುವ ಟೀಮಿನಲ್ಲಿ ಎದ್ದು ಕಾಣುತ್ತದೆ. ಕಾರಣ ಸೀಸನ್ ಟಿಕೆಟ್. ಒಂದು ಸೀಸನ್ನಿಗೆ 162 ಮ್ಯಾಚು, ಅದರಲ್ಲಿ 81 ತವರಿನಲ್ಲೇ. ನಮ್ಮ ಐಪಿಎಲ್‌ನಲ್ಲಿ ಲೀಗ್ ಹಂತದಲ್ಲಿ ಒಂದು ಟೀಮಿಗೆ ತವರಿನಲ್ಲಿ ಸಿಗುವುದು ಏಳು ಮ್ಯಾಚು. ಟ್ರೋಫಿ ಇಲ್ಲದ ಅಷ್ಟೂ ವರ್ಷ ಆರ್‌ಸಿಬಿಗೆ ಚಿನ್ನಸ್ವಾಮಿ ತುಂಬುತ್ತಿತ್ತು, ನಿಜ. ಅದೇ ಚಿನ್ನಸ್ವಾಮಿಯನ್ನು ಏಪ್ರಿಲ್‌ನಿಂದ ಸೆಪ್ಟೆಂಬರ್‌ವರೆಗೆ 81 ಸಲ ತುಂಬಿಸಿ ಅಂದರೆ? ಸೋಮವಾರ, ಮಂಗಳವಾರ, ಮಳೆ, ಚಳಿ, ಮಕ್ಕಳ ಪರೀಕ್ಷೆ, ಎಲ್ಲ ಸೇರಿಸಿಕೊಂಡು? ಅದಕ್ಕೇ ಅಲ್ಲಿ ಟಿಕೆಟ್ಟನ್ನು ಕಟ್ಟು ಕಟ್ಟಾಗಿ, ಸೀಸನ್ ಶುರುವಾಗುವ ತಿಂಗಳುಗಳ ಮುಂಚೆಯೇ ಮಾರುತ್ತಾರೆ. ಪೂರ್ತಿ 81 ಮ್ಯಾಚಿನದೂ ಇರುತ್ತದೆ, ಅದರಲ್ಲಿ ಒಂದು ಪಾಲಿನದೂ ಇರುತ್ತದೆ. ಡಿಸೆಂಬರ್‌ನಲ್ಲಿ ದುಡ್ಡು ಕಟ್ಟಿದವನಿಗೆ ಜುಲೈನಲ್ಲಿ ಟೀಮು ಎಪ್ಪತ್ತು ಸೋತಿರುತ್ತದೆ ಅಂತ ಹೇಗೆ ಗೊತ್ತಾಗಬೇಕು? ಟಿಕೆಟ್ಟನ್ನು ಬೇರೆಯವರಿಗೆ ಮಾರೋಣ ಅಂದರೆ ಕೊಳ್ಳುವವರಿಲ್ಲ. ಸುಮ್ನೆ ಬಿಟ್ಟುಬಿಡುತ್ತಾನೆ. ಲೆಕ್ಕದಲ್ಲಿ ಅವನಿದ್ದಾನೆ, ಕುರ್ಚಿಯಲ್ಲಿಲ್ಲ.

ಹಾಗಾಗಿ ಸೋಲುವ ವರ್ಷದ ಪ್ರೇಕ್ಷಕರ ಸಂಖ್ಯೆ ಆ ವರ್ಷದ ಆಟಕ್ಕಿಂತ ಹಿಂದಿನ ವರ್ಷಗಳ ನಂಬಿಕೆಯನ್ನು ಜಾಸ್ತಿ ತೋರಿಸುತ್ತದೆ. ನಿಮ್ಮ ಪ್ರಶ್ನೆಯ ಎರಡನೇ ಭಾಗಕ್ಕೂ ಉತ್ತರ ಇಲ್ಲೇ ಇದೆ. ಅದಕ್ಕೆ ಬಾಲ್ಟಿಮೋರ್ ಓರಿಯೋಲ್ಸ್ ಟೀಮಿನ ಕತೆಗಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ.

2017ರಲ್ಲಿ ಓರಿಯೋಲ್ಸ್ 75 ಗೆದ್ದು 87 ಸೋತಿತ್ತು. ಸುಮಾರಾದ ಸೀಸನ್. ಆ ವರ್ಷ ಸುಮಾರು 20.3 ಲಕ್ಷ ಟಿಕೆಟ್ ಹೋದವು. 2018ರಲ್ಲಿ ಟೀಮು ಕುಸಿದುಬಿತ್ತು. 115 ಸೋಲು, ಆ ಫ್ರಾಂಚೈಸಿಯ ಇತಿಹಾಸದಲ್ಲೇ ಅತಿ ಹೆಚ್ಚು. ಜುಲೈನಲ್ಲಿ ತಾರಾ ಆಟಗಾರ ಮ್ಯಾನಿ ಮಚಾಡೋನನ್ನು ಲಾಸ್ ಏಂಜಲೀಸ್ ಡಾಡ್ಜರ್ಸ್‌ಗೆ ಕೊಟ್ಟರು. ಆ ಬೇಸಿಗೆ ಮುಗಿಯುವಷ್ಟರಲ್ಲಿ ಬ್ರಿಟನ್, ಸ್ಕೂಪ್, ಗಾಸ್ಮನ್ ಅನ್ನುವ ಆಟಗಾರರೂ ಖಾಲಿ. ಬದಲಿಗೆ ಬಂದವರು ಹೆಸರೇ ಕೇಳಿರದ ಹುಡುಗರು. ಅಷ್ಟಾದರೂ ಆ ವರ್ಷದ ಲೆಕ್ಕ 15.6 ಲಕ್ಷ. 2019ರಲ್ಲಿ 108 ಸೋಲು, ಲೆಕ್ಕ 13 ಲಕ್ಷದ ಚಿಲ್ಲರೆ.

ಈಗ ಮುಂದಕ್ಕೆ ಬನ್ನಿ. 2020ರಲ್ಲಿ ಕೋವಿಡ್, ಮೈದಾನಕ್ಕೆ ಜನರನ್ನೇ ಬಿಡಲಿಲ್ಲ. 2021ರಲ್ಲಿ ಮೊದಮೊದಲು ಮಿತಿ ಹಾಕಿ ಬಿಟ್ಟರು, ಟೀಮು 110 ಸೋತಿತು, ಆ ಲೆಕ್ಕ ಬಿಡಿ. 2022ರಲ್ಲಿ ಟೀಮು ಎದ್ದು ನಿಂತಿತು. 83 ಗೆಲುವು, 79 ಸೋಲು. ಒಂದೇ ವರ್ಷದಲ್ಲಿ 31 ಗೆಲುವು ಜಾಸ್ತಿ! ಟಿಕೆಟ್ ಎಷ್ಟು ಹೋದವು? 13.7 ಲಕ್ಷ. ಅಂದರೆ 115 ಸೋತ 2018ರ ಟೀಮಿಗೆ ಬಂದವರಿಗಿಂತ ಗೆದ್ದ ಟೀಮಿಗೆ ಸುಮಾರು ಎರಡು ಲಕ್ಷ ಕಮ್ಮಿ. ಕೋವಿಡ್ ಭಯದ ಪಾಲು ಇದರಲ್ಲಿ ಇದ್ದೇ ಇದೆ. ಆದರೆ 2023 ನೋಡಿ. 101 ಗೆಲುವು, ನ್ಯೂಯಾರ್ಕಿನ ಯಾಂಕೀಸ್, ಬಾಸ್ಟನ್ನಿನ ರೆಡ್ ಸಾಕ್ಸ್‌ನಂಥ ದೊಡ್ಡ ಟೀಮುಗಳಿರುವ ಗುಂಪಿನಲ್ಲಿ ಮೊದಲ ಸ್ಥಾನ, ಆದರೂ 19.4 ಲಕ್ಷ. 87 ಸೋತ ಆ ಸುಮಾರಾದ 2017ರ ಮಟ್ಟವನ್ನೂ ಮುಟ್ಟಲಿಲ್ಲ. ಅದನ್ನು ದಾಟಿದ್ದು 2024ರಲ್ಲಿ, 22.8 ಲಕ್ಷಕ್ಕೆ. ಆ ವರ್ಷ ಗೆದ್ದದ್ದು 91, ಹಿಂದಿನ ವರ್ಷಕ್ಕಿಂತ ಹತ್ತು ಕಮ್ಮಿ.

ಜನ ಹೋಗುವುದೂ ತಡ, ಬರುವುದೂ ತಡ.

ಆ ಪಾತಾಳದ ದಿನಗಳ ಒಂದು ಸಂಜೆಯನ್ನು ಹತ್ತಿರದಿಂದ ನೋಡೋಣ. 2019ರ ಏಪ್ರಿಲ್ 8, ಸೋಮವಾರ, ಕ್ಯಾಲಿಫೋರ್ನಿಯಾದ ಓಕ್ಲೆಂಡ್ ಟೀಮಿನ ವಿರುದ್ಧದ ಮ್ಯಾಚು. ಬಾಲ್ಟಿಮೋರಿನ ಮೈದಾನದ ಹೆಸರು ಕ್ಯಾಮ್ಡೆನ್ ಯಾರ್ಡ್ಸ್. ಬಲಗಡೆ ಬೌಂಡರಿಯ ಆಚೆಗೆ ರೈಲ್ವೆಯವರ ಹಳೇ ಇಟ್ಟಿಗೆ ಗೋದಾಮು ಉದ್ದಕ್ಕೆ ನಿಂತಿದೆ, ಬೇಸ್‌ಬಾಲ್ ಮೈದಾನಗಳಲ್ಲಿ ಬಹಳ ಚೆಂದದ್ದು ಅಂತ ಹೆಸರು. ಕುರ್ಚಿಗಳೆಲ್ಲ ಕಡು ಹಸಿರು, ಹಾಗಾಗಿ ಖಾಲಿ ಇದ್ದರೆ ಕ್ಯಾಮೆರಾಗೆ ರಾಚುತ್ತದೆ. ಸುಮಾರು 45 ಸಾವಿರ ಜನ ಹಿಡಿಸುವ ಜಾಗ. ಅವತ್ತು ಘೋಷಿಸಿದ ಸಂಖ್ಯೆ 6,585. ಪ್ರೇಕ್ಷಕರನ್ನು ಒಳಗೆ ಬಿಟ್ಟ ಮ್ಯಾಚುಗಳಲ್ಲಿ ಆವರೆಗೆ ಅಷ್ಟು ಕಮ್ಮಿ ಅಲ್ಲಿ ಯಾವತ್ತೂ ಆಗಿರಲಿಲ್ಲ. (2015ರ ಏಪ್ರಿಲ್ 29ರಂದು ನಗರದಲ್ಲಿ ಗಲಭೆ ಆಗಿದ್ದರಿಂದ ಬಾಗಿಲು ಹಾಕಿಕೊಂಡೇ ಆಡಿದ್ದರು, ಅವತ್ತಿನ ಅಧಿಕೃತ ಲೆಕ್ಕ ಸೊನ್ನೆ.) ಅದೇ ಸಂಜೆ ಕ್ರಿಸ್ ಡೇವಿಸ್, ಏಳು ವರ್ಷಕ್ಕೆ 16.1 ಕೋಟಿ ಡಾಲರ್ ಒಪ್ಪಂದದ ಬ್ಯಾಟರ್, ಒಂದೂ ಹಿಟ್ (ಚೆಂಡು ಹೊಡೆದು ಬೇಸ್ ತಲುಪುವುದು) ಇಲ್ಲದೆ ಸಾಲಾಗಿ ಅತಿ ಹೆಚ್ಚು ಸಲ ಬ್ಯಾಟ್ ಹಿಡಿದ ದಾಖಲೆಯನ್ನು, ಚೆಂಡು ಎಸೆಯುವ ಪಿಚರ್‌ಗಳನ್ನು ಬಿಟ್ಟರೆ, ಮುರಿದ. ಹಿಟ್ ಇಲ್ಲದ ಆ ಸಾಲು ಕೊನೆಗೆ 54ಕ್ಕೆ ಹೋಗಿ ನಿಂತಿತು. ತಮಾಷೆ ಅಂದರೆ ಆ ಮ್ಯಾಚನ್ನು ಓರಿಯೋಲ್ಸ್ 12-4ರಲ್ಲಿ ಗೆದ್ದಿತು. ಹೋದವರಿಗೆ ಪೂರ್ತಿ ಮನರಂಜನೆ. ಹೋದವರು ಯಾರು ಅನ್ನುವುದೇ ಪ್ರಶ್ನೆ.

2019ರ ಆ 13 ಲಕ್ಷದಲ್ಲೂ ಎಲ್ಲರೂ ತವರಿನ ಅಭಿಮಾನಿಗಳಲ್ಲ. ಆಗಿನ ವೇಳಾಪಟ್ಟಿಯಲ್ಲಿ ಒಂದೇ ಗುಂಪಿನ ಟೀಮುಗಳು ವರ್ಷಕ್ಕೆ 19 ಸಲ ಆಡುತ್ತಿದ್ದವು. ಹಾಗಾಗಿ ಯಾಂಕೀಸ್ ಒಂಬತ್ತು ಹತ್ತು ಸಲ, ರೆಡ್ ಸಾಕ್ಸ್ ಅಷ್ಟೇ ಸಲ ಬಾಲ್ಟಿಮೋರಿಗೆ ಬರುತ್ತಿದ್ದರು. ತಮ್ಮೂರಲ್ಲಿ ಟಿಕೆಟ್ ದುಬಾರಿ, ಇಲ್ಲಿ ಅಗ್ಗ, ಅಂತ ಅವರ ಅಭಿಮಾನಿಗಳು ಕಾರು, ರೈಲು ಹತ್ತಿ ಬಂದು ತುಂಬಿಕೊಳ್ಳುತ್ತಿದ್ದರು. 2019ರಲ್ಲಿ ಯಾಂಕೀಸ್ ಈ 19ರಲ್ಲಿ 17 ಗೆದ್ದಿತು. ಗ್ಲೈಬರ್ ಟೊರೆಸ್ ಒಬ್ಬನೇ ಓರಿಯೋಲ್ಸ್ ಮೇಲೆ 13 ಹೋಮ್ ರನ್ ಬಾರಿಸಿದ. ನಿಮ್ಮ ಮನೆಯಲ್ಲೇ ಕೂತು ಎದುರಾಳಿಗೆ ಕೇಕೆ ಹಾಕುವುದನ್ನು ಕೇಳಬೇಕು. ಬಾಲ್ಟಿಮೋರಿನವರಿಗೆ ಖಾಲಿ ಮೈದಾನಕ್ಕಿಂತ ಇದೇ ಜಾಸ್ತಿ ಹೊಟ್ಟೆ ಉರಿಸಿದ ಸಂಗತಿ.

ಹಾಗಾದರೆ ಮಾಲೀಕರು ಯಾಕೆ ಇದನ್ನು ಸಹಿಸುತ್ತಾರೆ? ಯಾಕೆಂದರೆ ಗೇಟಿನ ದುಡ್ಡೊಂದೇ ದುಡ್ಡಲ್ಲ. ದೇಶಕ್ಕೆಲ್ಲ ಸೇರಿದ ಟಿವಿ ಒಪ್ಪಂದದಲ್ಲಿ ಸಮಪಾಲು ಬರುತ್ತದೆ. ಅದರ ಮೇಲೆ ಪ್ರತಿ ಟೀಮೂ ತನ್ನ ಸ್ಥಳೀಯ ಆದಾಯದ ಶೇಕಡ 48ರಷ್ಟನ್ನು ಒಂದು ಹುಂಡಿಗೆ ಹಾಕಬೇಕು, ಅದನ್ನು 30 ಟೀಮಿಗೂ ಸಮನಾಗಿ ಹಂಚುತ್ತಾರೆ. ಸಂಬಳದ ಖರ್ಚು ಇಳಿಸಿಕೊಂಡರೆ ಮೈದಾನ ಅರ್ಧ ಖಾಲಿ ಇದ್ದರೂ ಅಂಗಡಿ ನಡೆಯುತ್ತದೆ. ಕೆಳಗಿನ ಲೀಗಿಗೆ ತಳ್ಳುವ ಭಯವೂ ಅಲ್ಲಿಲ್ಲ. ಉಲ್ಟಾ ಕೊನೆಯ ಸ್ಥಾನಕ್ಕೆ ಬಹುಮಾನ ಸಿಗುತ್ತಿತ್ತು: ಡ್ರಾಫ್ಟಿನಲ್ಲಿ, ಅಂದರೆ ಹೊಸ ಆಟಗಾರರನ್ನು ಹಂಚಿಕೊಳ್ಳುವಾಗ, ಮೊದಲ ಆಯ್ಕೆ. 115 ಸೋತದ್ದಕ್ಕೆ ಓರಿಯೋಲ್ಸ್‌ಗೆ 2019ರಲ್ಲಿ ಕ್ಯಾಚರ್ ಆಡ್ಲಿ ರಚ್‌ಮನ್ ಸಿಕ್ಕ. 110 ಸೋತದ್ದಕ್ಕೆ 2022ರಲ್ಲಿ ಜಾಕ್ಸನ್ ಹಾಲಿಡೇ. ಇದು ಅತಿಯಾಯಿತು ಅಂತ 2023ರ ಡ್ರಾಫ್ಟಿನಿಂದ ಮೊದಲ ಆರು ಆಯ್ಕೆಗಳಿಗೆ ಲಾಟರಿ ತಂದಿದ್ದಾರೆ.

ನನ್ನ ಪ್ರಕಾರ ಜನ ತಡವಾಗಿ ಬರುವುದಕ್ಕೆ ಬರೀ ಸೀಸನ್ ಟಿಕೆಟ್ ಕಾರಣ ಅಲ್ಲ. ಇದೇ ಊರಿನ 1988 ನೋಡಿ. ಆ ವರ್ಷ ಓರಿಯೋಲ್ಸ್ ಮೊದಲ 21 ಮ್ಯಾಚನ್ನೂ ಸಾಲಾಗಿ ಸೋತಿತು. 1 ಗೆಲುವು, 23 ಸೋಲು ಹೊತ್ತುಕೊಂಡು ಪ್ರವಾಸದಿಂದ ವಾಪಸ್ ಬಂದ ಟೀಮನ್ನು ನೋಡಲು ಮೇ 2ರ ಸೋಮವಾರ ಹಳೇ ಮೆಮೋರಿಯಲ್ ಸ್ಟೇಡಿಯಮ್ಮಿಗೆ 50,402 ಜನ ಬಂದರು. ಹೊಸ ಮೈದಾನ ಕಟ್ಟುತ್ತೇವೆ ಅಂತ ಘೋಷಣೆ ಆದದ್ದೂ ಅದೇ ರಾತ್ರಿ. ಅದೇ ಮುಂದೆ ಕ್ಯಾಮ್ಡೆನ್ ಯಾರ್ಡ್ಸ್ ಆಯಿತು. ಆ ವರ್ಷ 107 ಸೋಲು, ಮರುವರ್ಷ 87 ಗೆಲುವು, ಜನ ಒಂದೇ ವರ್ಷದಲ್ಲಿ 16.6 ಲಕ್ಷದಿಂದ 25 ಲಕ್ಷ ದಾಟಿದರು. ಆಗ ಪಕ್ಕದ ವಾಷಿಂಗ್ಟನ್‌ನಲ್ಲಿ ಟೀಮು ಇರಲಿಲ್ಲ, 2005ರಲ್ಲಿ ಬಂತು, ಅಲ್ಲಿನ ಗಿರಾಕಿಗಳು ಹಂಚಿಹೋದರು. ಅದೂ ಒಂದು ಕಾರಣ. ಆದರೆ ಮುಖ್ಯ ವ್ಯತ್ಯಾಸ ಬೇರೆ ಅನ್ನಿಸುತ್ತದೆ. 1988ರ ಸೋಲು ಗ್ರಹಚಾರ. ಪಾಪ, ಹುಡುಗರು ಒದ್ದಾಡುತ್ತಿದ್ದಾರೆ ಅಂತ ಊರೇ ಬೆನ್ನಿಗೆ ನಿಂತಿತು. 2019ರ ಸೋಲು ಯೋಜನೆ. ಮ್ಯಾನೇಜ್‌ಮೆಂಟೇ ಗೆಲ್ಲುವ ಆಟಗಾರರನ್ನು ಬಿಟ್ಟುಕೊಟ್ಟು ಇನ್ನೆರಡು ಮೂರು ವರ್ಷ ತಡೆದುಕೊಳ್ಳಿ ಅಂದರೆ, ಸರಿ, ಅಲ್ಲಿಯವರೆಗೆ ನಮ್ಮ ದುಡ್ಡೂ ನಮ್ಮ ಹತ್ತಿರವೇ ಇರಲಿ ಅಂತ ಜನ ಅಂದುಕೊಳ್ಳುವುದರಲ್ಲಿ ತಪ್ಪೇನಿದೆ?

ಓಕ್ಲೆಂಡಿನ ಅಭಿಮಾನಿಗಳು ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಒಳ್ಳೆಯ ಆಟಗಾರರನ್ನೆಲ್ಲ ಕಳಿಸಿ, ಟೀಮನ್ನೇ ಲಾಸ್ ವೇಗಸ್‌ಗೆ ಒಯ್ಯಲು ಹೊರಟ ಮಾಲೀಕರ ಮೇಲೆ ಸಿಟ್ಟಿಗೆದ್ದು, 2023ರ ಜೂನ್ 13ರ ಮಂಗಳವಾರ ಬೇಕಂತಲೇ 27,759 ಜನ ಮೈದಾನ ಸೇರಿದರು. ಜನ ಇಲ್ಲ, ಅದಕ್ಕೇ ಊರು ಬಿಡುತ್ತೇವೆ ಅನ್ನುತ್ತೀರಾ, ನೋಡಿ ಜನ ಇದ್ದೇವೆ, ಟೀಮು ಮಾರಿ ಹೋಗಿ ಅಂತ. "ಮಾರು, ಮಾರು" ಅಂತ ಕೂಗಿಕೊಂಡೇ ಮ್ಯಾಚು ನೋಡಿದರು. ಆ ವರ್ಷ 112 ಸೋತ ಟೀಮು ಅವತ್ತು ಗೆದ್ದಿತು, ಸಾಲಾಗಿ ಏಳನೆಯದು. ಮಾಲೀಕರು ಮಾರಲಿಲ್ಲ. 2024ರ ಸೆಪ್ಟೆಂಬರ್ 26ರಂದು ಅಲ್ಲಿ ಕೊನೆಯ ಮ್ಯಾಚು ಆಯಿತು, 46,889 ಜನರ ಮುಂದೆ.

ಇನ್ನು ಮೇರಿಲ್ಯಾಂಡ್ ಕಡೆ ಮಗನ ಮನೆಗೋ ತಂಗಿಯ ಮನೆಗೋ ಹೋಗುವವರಿಗೆ ಒಂದು ಮಾತು. ನೋಡಬೇಕು ಅನ್ನಿಸಿದರೆ ಟೀಮು ಸೋಲುವ ವರ್ಷವೇ ಅನುಕೂಲ. ವಾರದ ನಡುವಿನ ಮ್ಯಾಚು ಆರಿಸಿಕೊಳ್ಳಿ. ಮೇಲಿನ ಅಂತಸ್ತಿನ ಟಿಕೆಟ್ ಸಾಕು. ಓರಿಯೋಲ್ಸ್ 2018ರಲ್ಲಿ, ಅದೇ 115 ಸೋತ ವರ್ಷ, ದೊಡ್ಡವರು ಒಂದು ಟಿಕೆಟ್ ಕೊಂಡರೆ ಒಂಬತ್ತು ವರ್ಷದವರೆಗಿನ ಇಬ್ಬರು ಮಕ್ಕಳಿಗೆ ಅಲ್ಲಿ ಪುಕ್ಕಟೆ ಅನ್ನುವ ಯೋಜನೆ ತಂದಿತು. ಹೊರಗಿನ ಊಟವನ್ನೂ ಒಳಗೆ ಬಿಡುತ್ತಾರೆ, ಹಾಗಾಗಿ ಡಬ್ಬಿಯಲ್ಲಿ ಪುಳಿಯೋಗರೆ ಕಟ್ಟಿಕೊಂಡು ಹೋಗಬಹುದು. ಬ್ಯಾಗಿನ ಅಳತೆಗೆ ಮಾತ್ರ ನಿಯಮ ಇರುತ್ತದೆ, ಹೊರಡುವ ಮುಂಚೆ ಒಮ್ಮೆ ನೋಡಿಕೊಳ್ಳಿ. ಏಪ್ರಿಲ್‌ನಲ್ಲಾದರೆ ಸ್ವೆಟರ್ ಬೇಕೇ ಬೇಕು. ಯಾಂಕೀಸ್ ಬರುವ ವಾರ ಮಾತ್ರ ಬಿಟ್ಟುಬಿಡಿ. ಅಗ್ಗದ ಟಿಕೆಟ್ಟೂ ಸಿಗುವುದಿಲ್ಲ, ಪಕ್ಕದಲ್ಲಿ ಕೂತವರು ಬಾಲ್ಟಿಮೋರಿನವರಾಗಿರುವ ಗ್ಯಾರಂಟಿಯೂ ಇಲ್ಲ.