ಟಾಮಿ ಜಾನ್ ಸರ್ಜರಿ ಆದಮೇಲೆ ಪಿಚರ್ ಮೊದಲಿಗಿಂತ ಜೋರಾಗಿ ಎಸೆಯುತ್ತಾನಾ?

ಪ್ರಶ್ನೆ: ಟಾಮಿ ಜಾನ್ ಸರ್ಜರಿ ಮಾಡಿಸಿಕೊಂಡ ಬೇಸ್‌ಬಾಲ್ ಪಿಚರ್‌ಗಳ ಕೈ ಮೊದಲಿಗಿಂತ ಬಲವಾಗುತ್ತದೆ, ಚೆಂಡಿನ ವೇಗ ಹೆಚ್ಚುತ್ತದೆ ಅಂತ ಕೇಳಿದ್ದೇವೆ. ಇದು ನಿಜವಾ? ಈ ಟಾಮಿ ಜಾನ್ ಯಾರು, ಡಾಕ್ಟರಾ?

ಉತ್ತರ: ನಿಜವಲ್ಲ. ಈ ಸರ್ಜರಿ ಹರಿದುಹೋದ ಮೊಣಕೈಯನ್ನು ಮತ್ತೆ ಕಟ್ಟುತ್ತದೆ, ಅಷ್ಟೇ. ಇಲ್ಲದ ವೇಗವನ್ನು ತಂದುಕೊಡುವುದಿಲ್ಲ. ಆದರೂ ಈ ನಂಬಿಕೆ ಎಷ್ಟು ಹರಡಿದೆ ಅಂದರೆ, ಅಮೆರಿಕದಲ್ಲಿ ನಡೆದು 2012ರಲ್ಲಿ ಪ್ರಕಟವಾದ ಒಂದು ಸಮೀಕ್ಷೆಯಲ್ಲಿ ಹೈಸ್ಕೂಲ್ ಆಟಗಾರರಲ್ಲಿ ಸುಮಾರು ಅರ್ಧದಷ್ಟು ಮಂದಿ, ಮೊಣಕೈಗೆ ಏನೂ ಆಗಿರದಿದ್ದರೂ ಆಟ ಸುಧಾರಿಸಲು ಈ ಸರ್ಜರಿ ಮಾಡಿಸಬಹುದು ಎಂದಿದ್ದರು. ಅಪ್ಪ ಅಮ್ಮಂದಿರಲ್ಲೂ ಮೂವರಲ್ಲಿ ಒಬ್ಬರಿಗಿಂತ ಜಾಸ್ತಿ ಜನ ಹಾಗೇ ನಂಬಿದ್ದರು. ಅದಕ್ಕೇ ಈ ಪ್ರಶ್ನೆಗೆ ಸ್ವಲ್ಪ ವಿವರವಾಗಿ ಉತ್ತರಿಸಬೇಕು ಅನ್ನಿಸಿತು.

ಟಾಮಿ ಜಾನ್ ಡಾಕ್ಟರ್ ಅಲ್ಲ, ಪೇಷೆಂಟ್. 1943ರಲ್ಲಿ ಇಂಡಿಯಾನಾ ರಾಜ್ಯದ ಟೆರ ಹೋಟ್ ಊರಿನಲ್ಲಿ ಹುಟ್ಟಿದ ಎಡಗೈ ಪಿಚರ್. 1963ರಲ್ಲಿ ಕ್ಲೀವ್‌ಲ್ಯಾಂಡ್ ತಂಡದಿಂದ ಮೇಜರ್ ಲೀಗ್‌ಗೆ, ಅಂದರೆ ಅಮೆರಿಕದ ಅತಿ ದೊಡ್ಡ ಬೇಸ್‌ಬಾಲ್ ಲೀಗ್‌ಗೆ, ಬಂದರು. ಅಲ್ಲಿಂದ ಶಿಕಾಗೋ ವೈಟ್ ಸಾಕ್ಸ್. 1971ರ ಡಿಸೆಂಬರಿನಲ್ಲಿ ವೈಟ್ ಸಾಕ್ಸ್‌ನವರು ಡಿಕ್ ಆಲನ್ ಎಂಬ ದೊಡ್ಡ ಬ್ಯಾಟರ್‌ಗಾಗಿ ಇವರನ್ನು ಲಾಸ್ ಏಂಜಲೀಸ್ ಡಾಡ್ಜರ್ಸ್‌ಗೆ ಬಿಟ್ಟುಕೊಟ್ಟರು. ಇವರು ವೇಗದ ಪಿಚರ್ ಆಗಿರಲಿಲ್ಲ. ಇವರ ಅಸ್ತ್ರ ಸಿಂಕರ್. ಬ್ಯಾಟಿನ ಹತ್ತಿರ ಬರುತ್ತಿದ್ದ ಹಾಗೆ ಚೆಂಡು ಕೆಳಗೆ ಇಳಿಯುತ್ತದೆ. ಬ್ಯಾಟರ್ ಅದರ ಮೇಲ್ಭಾಗಕ್ಕೆ ಹೊಡೆಯುತ್ತಾನೆ, ಚೆಂಡು ನೆಲದ ಮೇಲೆ ಉರುಳುತ್ತಾ ಫೀಲ್ಡರ್ ಕೈಗೆ ಹೋಗುತ್ತದೆ. ನೋಡುವವರಿಗೆ ರೋಮಾಂಚನ ಕಡಿಮೆ, ಆದರೆ ಪಂದ್ಯ ಗೆಲ್ಲುವ ಕಲೆ ಅದು.

1974ರ ಜುಲೈ ಹೊತ್ತಿಗೆ ಅವರು ತಮ್ಮ ಬದುಕಿನ ಅತ್ಯುತ್ತಮ ಸೀಸನ್ ಆಡುತ್ತಿದ್ದರು: 13 ಗೆಲುವು, 3 ಸೋಲು (ಬೇಸ್‌ಬಾಲ್‌ನಲ್ಲಿ ಪಂದ್ಯದ ಗೆಲುವು ಸೋಲನ್ನು ಪಿಚರ್ ಹೆಸರಿಗೂ ಬರೆಯುತ್ತಾರೆ). ಜುಲೈ 17ರಂದು ಮಾಂಟ್ರಿಯಲ್ ಎಕ್ಸ್‌ಪೋಸ್ ವಿರುದ್ಧ ಎಸೆಯುತ್ತಿದ್ದಾಗ ಎಡ ಮೊಣಕೈಯಲ್ಲಿ ಏನೋ ಕಳಚಿಕೊಂಡಿತು. ಮತ್ತೊಂದು ಎಸೆದು ನೋಡಿದರು, ಆಗಲಿಲ್ಲ. ಮೈದಾನದಿಂದ ಹೊರಗೆ ನಡೆದರು. ಆಗ ವಯಸ್ಸು 31. ಆ ಕಾಲದಲ್ಲಿ ಪಿಚರ್‌ಗೆ ಹೀಗಾದರೆ ಬದುಕಿನ ಆಟ ಅಲ್ಲಿಗೆ ಮುಗಿಯಿತು ಅಂತಲೇ ಲೆಕ್ಕ. ಇದೇ ಡಾಡ್ಜರ್ಸ್‌ನ ಸ್ಯಾಂಡಿ ಕೋಫ್ಯಾಕ್ಸ್ 1966ರಲ್ಲಿ 27 ಪಂದ್ಯ ಗೆದ್ದು, ಬರೀ 30ನೇ ವಯಸ್ಸಿಗೆ, ಮೊಣಕೈ ನೋವಿನಿಂದಲೇ ಆಟ ಬಿಟ್ಟಿದ್ದರು.

ಹಾಗಾದರೆ ಏನು ಹರಿಯಿತು? ಮೊಣಕೈಯ ಒಳಬದಿಯಲ್ಲಿ, ಮೇಲ್ತೋಳಿನ ಮೂಳೆಯನ್ನೂ ಮುಂಗೈ ಮೂಳೆಯನ್ನೂ ಹಿಡಿದಿಡುವ ಒಂದು ಚಿಕ್ಕ ಲಿಗಮೆಂಟ್ ಇದೆ. ಪಿಚರ್ ಕೈಯನ್ನು ಹಿಂದಕ್ಕೆ ಬಾಗಿಸಿ ಒಮ್ಮೆಲೇ ಮುಂದಕ್ಕೆ ತರುವಾಗ ತೋಳು ಸೆಕೆಂಡಿಗೆ 7,000 ಡಿಗ್ರಿಗೂ ಹೆಚ್ಚಿನ ವೇಗದಲ್ಲಿ ತಿರುಗುತ್ತದೆ. ಮನುಷ್ಯನ ದೇಹ ಮಾಡುವ ಅತಿ ವೇಗದ ಚಲನೆಗಳಲ್ಲಿ ಇದೂ ಒಂದು. ಆ ಕ್ಷಣದಲ್ಲಿ ಮೊಣಕೈಯ ಮೇಲೆ ಬೀಳುವ ಒತ್ತಡ ಈ ಲಿಗಮೆಂಟ್ ಒಂದೇ ತಡೆದುಕೊಳ್ಳುವಷ್ಟಲ್ಲ. ಸುತ್ತಲಿನ ಸ್ನಾಯುಗಳು ಪಾಲು ಹಂಚಿಕೊಳ್ಳುವುದರಿಂದ ಅದು ಉಳಿಯುತ್ತದೆ. ಸ್ನಾಯುಗಳು ದಣಿದವೋ, ಭಾರವೆಲ್ಲ ಲಿಗಮೆಂಟಿನ ಮೇಲೆ ಬೀಳುತ್ತದೆ. ನೂರಾರು ಎಸೆತಗಳಲ್ಲಿ ಸಣ್ಣ ಸಣ್ಣದಾಗಿ ಸವೆದು, ಒಂದು ದಿನ ಪೂರ್ತಿ ಹೋಗುತ್ತದೆ.

ನಮ್ಮ ಕ್ರಿಕೆಟ್ ವೇಗಿಗಳಿಗೆ ಯಾಕೆ ಹೀಗೆ ಆಗುವುದಿಲ್ಲ ಅಂತ ಕೇಳುವವರೂ ಇದ್ದಾರೆ. ಕ್ರಿಕೆಟ್‌ನಲ್ಲಿ ಮೊಣಕೈಯನ್ನು 15 ಡಿಗ್ರಿಗಿಂತ ಹೆಚ್ಚು ನೇರಗೊಳಿಸುವ ಹಾಗಿಲ್ಲ. ಓಟದ ವೇಗವೂ ಚೆಂಡಿಗೆ ಸೇರುತ್ತದೆ. ಹಾಗಾಗಿ ಅಲ್ಲಿ ಏಟು ಬೀಳುವುದು ಬೆನ್ನು, ಭುಜ, ಹಿಮ್ಮಡಿಗೆ. ನಮ್ಮ ಜಾವಗಲ್ ಶ್ರೀನಾಥ್ 1997ರಲ್ಲಿ ಸರ್ಜರಿ ಮಾಡಿಸಿಕೊಂಡಿದ್ದು ಭುಜಕ್ಕೆ, ಅಲ್ವಾ? ಪಿಚರ್ ನಿಂತ ಜಾಗದಿಂದಲೇ ಎಸೆಯಬೇಕು, ಮೊಣಕೈ ಬಾಗಿಸಿಯೇ ಎಸೆಯಬೇಕು.

ಡಾಡ್ಜರ್ಸ್ ತಂಡದ ಡಾಕ್ಟರ್ ಫ್ರ್ಯಾಂಕ್ ಜೋಬ್. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ಸೈನ್ಯದ ವೈದ್ಯಕೀಯ ಸಿಬ್ಬಂದಿಯಲ್ಲಿದ್ದವರು. ಅವರು ಮೊದಲು ವಿಶ್ರಾಂತಿ ಕೊಟ್ಟು ನೋಡಿದರು. ಗುಣವಾಗಲಿಲ್ಲ. ಕೊನೆಗೆ ಯಾರೂ ಪಿಚರ್ ಮೇಲೆ ಮಾಡಿರದ ಒಂದು ಕೆಲಸಕ್ಕೆ ಕೈ ಹಾಕಿದರು. ಜಾನ್ ಅವರ ಬಲಗೈಯ ಮುಂಗೈಯಿಂದ ಒಂದು ಟೆಂಡನ್ (ಸ್ನಾಯುವನ್ನು ಮೂಳೆಗೆ ಸೇರಿಸುವ ನಾರು) ತೆಗೆದು, ಎಡ ಮೊಣಕೈಯ ಮೂಳೆಗಳಲ್ಲಿ ರಂಧ್ರ ಕೊರೆದು, ಶೂ ಲೇಸ್ ಪೋಣಿಸುವ ಹಾಗೆ ಅದನ್ನು ಪೋಣಿಸಿ ಕಟ್ಟುವುದು. ಮತ್ತೆ ಮೇಜರ್ ಲೀಗ್‌ನಲ್ಲಿ ಆಡುವ ಸಾಧ್ಯತೆ ನೂರರಲ್ಲಿ ಒಂದು ಅಂತ ಜೋಬ್ ಮುಚ್ಚುಮರೆಯಿಲ್ಲದೆ ಹೇಳಿದ್ದರು. ಜಾನ್ ಒಪ್ಪಿದರು. 1974ರ ಸೆಪ್ಟೆಂಬರ್ 25ರಂದು ಸರ್ಜರಿ ನಡೆಯಿತು.

ಆ ಟೆಂಡನ್ ನಿಮಗೂ ಇದೆಯಾ ನೋಡಿಕೊಳ್ಳಬಹುದು. ಹೆಬ್ಬೆರಳಿನ ತುದಿಯನ್ನು ಕಿರುಬೆರಳಿನ ತುದಿಗೆ ತಾಗಿಸಿ ಮಣಿಕಟ್ಟನ್ನು ಸ್ವಲ್ಪ ಒಳಕ್ಕೆ ಬಾಗಿಸಿ. ಮಧ್ಯದಲ್ಲಿ ಎದ್ದು ನಿಲ್ಲುವ ದಾರದಂಥದ್ದೇ ಅದು. ಕೆಲವರಿಗೆ ಹುಟ್ಟಿನಿಂದಲೇ ಇರುವುದಿಲ್ಲ. ತೆಗೆದರೂ ಕೈಯ ಕೆಲಸಕ್ಕೆ ಅಂಥ ತೊಂದರೆ ಇಲ್ಲ, ಅದಕ್ಕೇ ಡಾಕ್ಟರುಗಳು ಅದನ್ನು ಆರಿಸಿಕೊಳ್ಳುತ್ತಾರೆ. ಇಲ್ಲದವರಿಗೆ ಹೆಚ್ಚಾಗಿ ತೊಡೆಯ ಹಿಂಭಾಗದಿಂದ ತೆಗೆಯುತ್ತಾರೆ.

ಜನ ಸಾಮಾನ್ಯವಾಗಿ ಇಲ್ಲಿಂದ ನೇರ ಗೆಲುವುಗಳಿಗೆ ಹಾರುತ್ತಾರೆ. ನಡುವಿನ ದಿನಗಳು ತುಂಬಾ ಕಷ್ಟದವು. ಸರ್ಜರಿಯ ನಂತರ ಮೊಣಕೈಯ ನರಕ್ಕೆ ತೊಂದರೆಯಾಗಿ ಎಡಗೈ ಬೆರಳುಗಳು ಮಡಚಿಕೊಂಡವು, ಹಿಡಿತ ಹೋಯಿತು. ಡಿಸೆಂಬರಿನಲ್ಲಿ ನರವನ್ನು ಸರಿಪಡಿಸಲು ಎರಡನೇ ಸರ್ಜರಿ. 1975ರ ಇಡೀ ಸೀಸನ್ ಒಂದೂ ಪಂದ್ಯ ಇಲ್ಲ. ಚೆಂಡು ಹಿಡಿಯಲು ಬೆರಳುಗಳನ್ನು ಟೇಪಿನಿಂದ ಸೇರಿಸಿ ಕಟ್ಟಿಕೊಂಡು ಎಸೆಯುವುದನ್ನು ಮತ್ತೆ ಕಲಿತರು. ತಂಡದ ಜೊತೆಗಾರ ಮೈಕ್ ಮಾರ್ಷಲ್ ದೇಹದ ಚಲನೆಯನ್ನು ಶಾಸ್ತ್ರೀಯವಾಗಿ ಓದಿಕೊಂಡವರು. ಎಸೆತದ ಭಂಗಿಯನ್ನು ತಿದ್ದಲು ಅವರು ನೆರವಾದರು.

1976ರ ಏಪ್ರಿಲ್‌ನಲ್ಲಿ ಅಟ್ಲಾಂಟಾ ಬ್ರೇವ್ಸ್ ವಿರುದ್ಧ ಜಾನ್ ಮತ್ತೆ ಮೈದಾನಕ್ಕಿಳಿದರು. ಆ ವರ್ಷ 10 ಗೆಲುವು, 10 ಸೋಲು. ನನ್ನ ಕಣ್ಣಿಗೆ ಅವರ ಇಡೀ ವೃತ್ತಿಯ ಅತಿ ದೊಡ್ಡ ಸೀಸನ್ ಇದೇ. ಯಾಕೆಂದರೆ ಅದರಲ್ಲಿ 207 ಇನ್ನಿಂಗ್ಸ್ ಇವೆ (ಬೇಸ್‌ಬಾಲ್‌ನಲ್ಲಿ ಒಂದು ಪಂದ್ಯಕ್ಕೆ ಸಾಮಾನ್ಯವಾಗಿ ಒಂಬತ್ತು ಇನ್ನಿಂಗ್ಸ್). ಸತ್ತುಹೋಯಿತು ಅಂದುಕೊಂಡ ಕೈ ಇಡೀ ಸೀಸನ್ ತಾಳಿಕೊಂಡಿತು. 1977ರಲ್ಲಿ 20 ಪಂದ್ಯ ಗೆದ್ದರು. ನ್ಯೂಯಾರ್ಕ್ ಯಾಂಕೀಸ್ ತಂಡಕ್ಕೆ ಹೋದ ಮೇಲೆ 1979ರಲ್ಲಿ 21, 1980ರಲ್ಲಿ 22. ಸರ್ಜರಿಗೆ ಮುಂಚೆ ಒಂದು ಸಲವೂ 20 ಗೆಲುವು ಮುಟ್ಟಿರಲಿಲ್ಲ. 1989ರಲ್ಲಿ, 46ನೇ ವಯಸ್ಸಿಗೆ ಆಟ ಬಿಡುವಾಗ ಅವರ ಹೆಸರಿನಲ್ಲಿ 288 ಗೆಲುವುಗಳಿದ್ದವು: ಸರ್ಜರಿಗೆ ಮುಂಚೆ 124, ಆಮೇಲೆ 164. ಒಟ್ಟು 26 ಸೀಸನ್.

ಈ ಅಂಕಿಗಳನ್ನು ನೋಡಿದವರಿಗೆ ಸರ್ಜರಿಯೇ ಅವರನ್ನು ದೊಡ್ಡ ಪಿಚರ್ ಮಾಡಿತು ಅಂತ ಅನ್ನಿಸುವುದು ಸಹಜ. ಆದರೆ ಅವರು ವೇಗದಿಂದ ಗೆಲ್ಲಲಿಲ್ಲ. ಇಡೀ ವೃತ್ತಿಯಲ್ಲಿ ಒಂಬತ್ತು ಇನ್ನಿಂಗ್ಸ್‌ಗೆ ಸರಾಸರಿ ನಾಲ್ಕಕ್ಕಿಂತ ಸ್ವಲ್ಪ ಹೆಚ್ಚು ಸ್ಟ್ರೈಕ್‌ಔಟ್ (ಬ್ಯಾಟರ್ ಚೆಂಡನ್ನು ಹೊಡೆಯಲಾಗದೆ ಔಟಾಗುವುದು), ಅಷ್ಟೇ. ಅದೇ ಸಿಂಕರ್, ಅದೇ ನಿಖರತೆ, ಅದೇ ತಾಳ್ಮೆ. ಆ ಕಲೆಯನ್ನು ಇನ್ನಷ್ಟು ವರ್ಷ ಬಳಸುವ ಅವಕಾಶವನ್ನು ಜಾನ್‌ಗೆ ಡಾಕ್ಟರ್ ಜೋಬ್ ಕೊಟ್ಟರು. ಇದೇ ಸರ್ಜರಿ ಮಾಡಿಸಿಕೊಂಡ ಎರಡನೇ ಪಿಚರ್ ಬ್ರೆಂಟ್ ಸ್ಟ್ರಾಮ್, 1978ರಲ್ಲಿ. ಅವರು ಪಿಚರ್ ಆಗಿ ಮೇಜರ್ ಲೀಗ್‌ಗೆ ಮರಳಲೇ ಇಲ್ಲ. ಅವರ ಹೆಸರು ಯಾರಿಗೂ ನೆನಪಿಗೆ ಬರುವುದಿಲ್ಲ, ನಂಬಿಕೆ ಹುಟ್ಟುವುದೇ ಹೀಗೆ.

ಇನ್ನು ಕೆಲವರು ನಿಜವಾಗಿಯೂ ಮೊದಲಿಗಿಂತ ಜೋರಾಗಿ ಎಸೆದದ್ದುಂಟು. ಕಾರಣ ಬೇರೆ. ಲಿಗಮೆಂಟ್ ಪೂರ್ತಿ ಹರಿಯುವ ಮುಂಚೆ ಎಷ್ಟೋ ತಿಂಗಳು ನೋವಿನಲ್ಲೇ, ವೇಗ ಕಳೆದುಕೊಂಡೇ ಎಸೆದಿರುತ್ತಾರೆ. ಆಮೇಲೆ ಒಂದು ವರ್ಷದಿಂದ ಒಂದೂವರೆ ವರ್ಷ ಕಾಲು, ಸೊಂಟ, ಭುಜ ಎಲ್ಲವನ್ನೂ ಬಲಪಡಿಸುವ ವ್ಯಾಯಾಮ. ಹದಿನೆಂಟರ ಹುಡುಗನಾದರೆ ಅಷ್ಟರಲ್ಲಿ ಮೈಯೂ ಬೆಳೆದಿರುತ್ತದೆ. ಹೆಚ್ಚಿದ ವೇಗ ಆ ದುಡಿಮೆಯದು. ಆ ದುಡಿಮೆಯನ್ನು ಚಾಕು ತಾಗಿಸದೆಯೂ ಮಾಡಬಹುದು.

ಎಲ್ಲರೂ ಮರಳುತ್ತಾರಾ? ಈಗ ಹತ್ತರಲ್ಲಿ ಸುಮಾರು ಎಂಟು ಜನ ಮತ್ತೆ ಆಡುತ್ತಾರೆ, ಆದರೆ ಮೊದಲಿನ ಮಟ್ಟ ಮುಟ್ಟುವವರು ಅದಕ್ಕಿಂತ ಕಡಿಮೆ. ಜಸ್ಟಿನ್ ವರ್‌ಲ್ಯಾಂಡರ್ 37ನೇ ವಯಸ್ಸಿನಲ್ಲಿ ಮಾಡಿಸಿಕೊಂಡು, 2022ರಲ್ಲಿ ಶ್ರೇಷ್ಠ ಪಿಚರ್‌ಗೆ ಕೊಡುವ ಸೈ ಯಂಗ್ ಪ್ರಶಸ್ತಿ ಗೆದ್ದರು. ಜಪಾನಿನ ಆಟಗಾರ ಶೋಹೈ ಓಟಾನಿಗೆ 2018ರಲ್ಲಿ ಒಮ್ಮೆ ಆಗಿತ್ತು, 2023ರಲ್ಲಿ ಅದೇ ಮೊಣಕೈಗೆ ಮತ್ತೆ ಸರ್ಜರಿ ಬೇಕಾಯಿತು. ಭಾರತದ ಉದಾಹರಣೆಯೂ ಇದೆ. ಉತ್ತರ ಪ್ರದೇಶದ ಜಾವೆಲಿನ್ ಎಸೆತಗಾರ ರಿಂಕು ಸಿಂಗ್ 2008ರಲ್ಲಿ ಪಿಟ್ಸ್‌ಬರ್ಗ್ ಪೈರೇಟ್ಸ್ ಜೊತೆ ಒಪ್ಪಂದ ಮಾಡಿಕೊಂಡು ಮೈನರ್ ಲೀಗ್‌ನಲ್ಲಿ ಆಡುತ್ತಿದ್ದವರು. 2013ರಲ್ಲಿ ಅವರಿಗೂ ಇದೇ ಸರ್ಜರಿ ಆಯಿತು. ಆಮೇಲೆ ಅವರು ಬೇಸ್‌ಬಾಲ್ ಬಿಟ್ಟು ಕುಸ್ತಿ ಕಣಕ್ಕೆ ಹೋದರು.

ಇಷ್ಟೆಲ್ಲ ಆದರೂ ಟಾಮಿ ಜಾನ್‌ಗೆ ಹಾಲ್ ಆಫ್ ಫೇಮ್ (ಬೇಸ್‌ಬಾಲ್ ದಿಗ್ಗಜರಿಗೆ ಸಿಗುವ ಗೌರವ) ಸಿಕ್ಕಿಲ್ಲ ಅನ್ನುವುದು ನನಗೆ ಬೇಸರದ ಸಂಗತಿ. ಬರಹಗಾರರ ಮತದಾನದಲ್ಲಿ 75 ಶೇಕಡಾ ಬೇಕು, ಅವರಿಗೆ ಕೊನೆಯ ವರ್ಷ 2009ರಲ್ಲಿ ಸಿಕ್ಕಿದ್ದು 31.7. 2024ರ ಡಿಸೆಂಬರಿನಲ್ಲಿ ಹಳೆಯ ಕಾಲದ ಆಟಗಾರರನ್ನು ಆರಿಸುವ ಸಮಿತಿಯಲ್ಲಿ 12 ಮತ ಬೇಕಿತ್ತು, ಬಂದದ್ದು 7. ಅಂದು ಆಯ್ಕೆಯಾದವರಲ್ಲಿ ಒಬ್ಬರು ಡಿಕ್ ಆಲನ್. 1971ರಲ್ಲಿ ಯಾರಿಗಾಗಿ ಜಾನ್‌ರನ್ನು ಬಿಟ್ಟುಕೊಟ್ಟಿದ್ದರೋ ಅವರೇ.

ಅಮೆರಿಕದಲ್ಲಿ ಮಕ್ಕಳನ್ನು ಲಿಟಲ್ ಲೀಗ್‌ಗೆ ಸೇರಿಸಿರುವ ಕನ್ನಡದ ಅಪ್ಪ ಅಮ್ಮಂದಿರಿಗೆ ಒಂದು ಮಾತು. ಈ ಸರ್ಜರಿ ಎಷ್ಟು ಸುಲಭ ಅನ್ನುವುದಕ್ಕಿಂತ, ಅದು ಬೇಕಾಗದ ಹಾಗೆ ನೋಡಿಕೊಳ್ಳುವುದು ನಿಮ್ಮ ಕೈಯಲ್ಲೇ ಹೆಚ್ಚಾಗಿದೆ. ಕೈ ದಣಿದಿದ್ದರೂ ಆಗಾಗ ಎಸೆಯುತ್ತಲೇ ಇದ್ದ ಹುಡುಗರಿಗೆ ಗಾಯದ ಸಾಧ್ಯತೆ 36 ಪಟ್ಟು ಹೆಚ್ಚು ಅಂತ 2006ರ ಒಂದು ಅಧ್ಯಯನ ತೋರಿಸಿತ್ತು. ವರ್ಷದಲ್ಲಿ ಎಂಟು ತಿಂಗಳಿಗಿಂತ ಜಾಸ್ತಿ ಪಿಚ್ ಮಾಡಿದವರಿಗೆ ಐದು ಪಟ್ಟು. ಲಿಟಲ್ ಲೀಗ್ ನಿಯಮದ ಪ್ರಕಾರ ಒಂದು ದಿನಕ್ಕೆ 9-10 ವಯಸ್ಸಿನವರಿಗೆ 75, 11-12ರವರಿಗೆ 85 ಎಸೆತ ಮಿತಿ. 66 ಅಥವಾ ಅದಕ್ಕಿಂತ ಹೆಚ್ಚು ಎಸೆದರೆ ನಾಲ್ಕು ದಿನ ಬಿಡುವು. ತೊಂದರೆ ಎಲ್ಲಿ ಅಂದರೆ, ಎರಡು ಮೂರು ಟೀಮುಗಳಲ್ಲಿ ಆಡುವ ಮಗುವಿನ ಎಸೆತಗಳನ್ನು ಒಂದೊಂದು ಟೀಮಿನ ಕೋಚ್ ತಮ್ಮಷ್ಟಕ್ಕೆ ಎಣಿಸುತ್ತಾರೆ. ಒಟ್ಟು ಲೆಕ್ಕ ಮನೆಯವರೇ ಇಡಬೇಕು. ಮಗು ಮೊಣಕೈಯ ಒಳಬದಿ ನೋಯುತ್ತಿದೆ ಅಂದರೆ ಸುಮ್ನೆ ಐಸ್ ಇಟ್ಟು ಮರುದಿನ ಆಡಲು ಕಳಿಸಬೇಡಿ. ಆ ವಯಸ್ಸಿನಲ್ಲಿ ಲಿಗಮೆಂಟಿಗಿಂತ ಮುಂಚೆ ಪೆಟ್ಟು ಬೀಳುವುದು ಮೂಳೆ ಬೆಳೆಯುವ ಮೃದುವಾದ ಜಾಗಕ್ಕೆ. ಎಸೆಯುವುದನ್ನು ನಿಲ್ಲಿಸಿ ಮೂಳೆ ಡಾಕ್ಟರಿಗೆ ತೋರಿಸಿ. ಬೇಗ ಗೊತ್ತಾದರೆ ಹೆಚ್ಚಿನ ಮಕ್ಕಳಿಗೆ ಕೆಲವು ವಾರ ಅಥವಾ ತಿಂಗಳ ವಿಶ್ರಾಂತಿಯಲ್ಲೇ ಅದು ವಾಸಿಯಾಗುತ್ತದೆ.